ಟವೆಲ್ಲಿನ ಕೆಳಗೆ ಹದಿನೆಂಟಾಣೆ

ದೊಡ್ಡ ದೊಡ್ಡ ದೇಶದವರು ಜಗಳ ತೀರಿಸಿಕೊಳ್ಳಲು ಕೂತಾಗ ಮೊದಲು ಮಾಡುವ ಕೆಲಸವೆಂದರೆ ಮೇಜಿನ ಮೇಲೆ ಮೈಕು ಇಡುವುದು. ನನ್ನನ್ನು ಕೇಳಿದರೆ ತಪ್ಪು ಅಲ್ಲಿಂದಲೇ ಶುರು. ಮೈಕಿನ ಮುಂದೆ "ಒಂದಂಗುಲವೂ ಬಿಡುವುದಿಲ್ಲ" ಎಂದು ಗುಡುಗಿದವನು ಆಮೇಲೆ ಅರ್ಧ ಅಂಗುಲ ಬಿಡಲು ಮನಸ್ಸಾದರೂ ಹೇಗೆ ಬಿಟ್ಟಾನು? ಮನೆಯಲ್ಲಿ ಹೆಂಡತಿ ಮಕ್ಕಳೆಲ್ಲ ಕೇಳಿಸಿಕೊಂಡಿರುತ್ತಾರೆ. ಅಂಥ ಸಭೆಗೆ ಹೋಗುವವರು ಯಾರಾದರೂ ಇದನ್ನು ಓದುತ್ತಿದ್ದರೆ ನನ್ನ ಸಲಹೆ ಇಷ್ಟೇ: ಮೈಕು ತೆಗೆಸಿ, ಒಂದು ಟವೆಲ್ ತರಿಸಿ.

ಎಂಟನೇ ಕ್ಲಾಸು ಓದಿದವನಿಗೆ ಇದೆಲ್ಲ ಯಾಕೆ ಎನ್ನುವವರಿದ್ದಾರೆ. ಗೌರಿಬಿದನೂರಿನ ರೈಲ್ವೆ ಸ್ಟೇಷನ್ನಿನಲ್ಲಿ ಕಡಲೆಕಾಯಿ ಮೂಟೆ ಹೊರುವುದರಿಂದ ಶುರು ಮಾಡಿ, ಶಿಡ್ಲಘಟ್ಟದ ರೇಷ್ಮೆ ಗೂಡಿನ ದಲ್ಲಾಳಿಯಾಗಿ, ಕೊನೆಗೆ ಚಿಂತಾಮಣಿಯಲ್ಲಿ ಸ್ವಂತ ಅಂಗಡಿ ಹಾಕಿದವನು ನಾನು. ಒಪ್ಪದ ಇಬ್ಬರನ್ನು ಒಪ್ಪಿಸುವುದೇ ನಲವತ್ತು ವರ್ಷ ನನ್ನ ಹೊಟ್ಟೆಪಾಡಾಗಿತ್ತು. ದೇಶಗಳ ವ್ಯವಹಾರ ಗೂಡಿನ ವ್ಯವಹಾರಕ್ಕಿಂತ ಕಷ್ಟವಿರಬಹುದು. ಇದ್ದರೂ ಇಲ್ಲಿ ಎರಡು ದಿನ ತಡವಾದರೆ ಮಾಲೇ ತೂತು ಬಿದ್ದುಹೋಗುತ್ತದೆ. ಅವರಿಗೆ ಆ ಅವಸರವಿಲ್ಲ, ಅದಕ್ಕೇ ವರ್ಷಗಟ್ಟಲೆ ಮಾತಾಡುತ್ತಾರೆ.

ಆ ಕಾಲದಲ್ಲಿ ನಮ್ಮ ಕಡೆ ಗೂಡಿನ ವ್ಯಾಪಾರ ಬಾಯಲ್ಲಿ ನಡೆಯುತ್ತಿರಲಿಲ್ಲ. ಕೊಳ್ಳುವವನು, ಮಾರುವವನು ಎದುರುಬದುರು ನಿಂತು ಬಲಗೈ ಕೊಡುತ್ತಿದ್ದರು. ಕೈಗಳ ಮೇಲೆ ಒಂದು ಟವೆಲ್. ಅದರ ಕೆಳಗೆ ಬೆರಳು ಹಿಡಿದು ದರ ಹೇಳುವುದು. ಒಂದು ಬೆರಳು ಹಿಡಿದರೆ ಒಂದು, ಅಂಗೈ ಪೂರ್ತಿ ಹಿಡಿದರೆ ಐದು. ಬಾಯಿ ಮಾತ್ರ ಬೇರೆಯೇ ಆಟ ಆಡುತ್ತಿತ್ತು. "ಅಯ್ಯೋ, ಈ ದರಕ್ಕೆ ಕೊಡೋ ಬದಲು ಬೇಲಿಗೆ ಸುರೀತೀನಿ" ಎಂದು ಕೂಗುತ್ತಲೇ ಬೆರಳಲ್ಲಿ ಒಪ್ಪಿಕೊಂಡುಬಿಡಬಹುದು. ಸುತ್ತ ನಿಂತವರಿಗೆ ಕೂಗಾಟ ಕೇಳಿಸುತ್ತದೆ, ಸೋಲು ಕಾಣಿಸುವುದಿಲ್ಲ. ಟವೆಲ್ ಕೆಳಗಿನ ಲೆಕ್ಕವನ್ನು ಹೊರಗೆ ಬಾಯಿಬಿಟ್ಟು ಹೇಳಬಾರದೆಂಬುದು ಎಲ್ಲರೂ ಪಾಲಿಸುತ್ತಿದ್ದ ಕಟ್ಟಳೆ. ನನಗೆ ಈ ಬೆರಳ ವಿದ್ಯೆ ಕಲಿಸಿದವರು ಶಿಡ್ಲಘಟ್ಟದಲ್ಲಿ ಗೂಡು ಬೇಯಿಸಿ ನೂಲು ಬಿಚ್ಚಿಸುತ್ತಿದ್ದ ಒಬ್ಬ ಸಾಹೇಬರು. ಬಿಳಿ ಗಡ್ಡ, ತೆಳ್ಳಗಿನ ಬೆರಳು. ನಮ್ಮೂರ ಗೂಡೆಲ್ಲ ಅವರ ಒಲೆಗೇ ಹೋಗುತ್ತಿತ್ತು.

ಈಗ ಅರವತ್ತೈದರ ಸೆಪ್ಟೆಂಬರಿಗೆ ಬರುತ್ತೇನೆ. ಗಡಿಯಲ್ಲಿ ಪಾಕಿಸ್ತಾನದ ಜೊತೆ ಯುದ್ಧ. ನಮ್ಮೂರು ಇದ್ದದ್ದು ಶಿಡ್ಲಘಟ್ಟಕ್ಕೆ ಎರಡು ಹರದಾರಿ ಈಚೆ, ಗಡಿಯಿಂದ ಎಷ್ಟು ದೂರವೋ ದೇವರೇ ಬಲ್ಲ. ಆದರೂ ಭಯಕ್ಕೇನೂ ಕೊರತೆ ಇರಲಿಲ್ಲ. ಪಂಚಾಯಿತಿ ರೇಡಿಯೋ ಕೇಳಿ ಬಂದವರು, ಶತ್ರುಗಳು ಕೊಡೆ ಬಿಚ್ಚಿಕೊಂಡು ಆಕಾಶದಿಂದ ಇಳಿಯುತ್ತಾರಂತೆ ಎಂದು ಹೇಳಿದ್ದರು. ಇಳಿದವರು ನಮ್ಮೂರಿಗೆ ಬಂದು ಏನು ಒಯ್ಯುತ್ತಾರೆ ಎಂದು ನಾನು ಕೇಳಿದೆ. ಗಿರಣಿ ಎಂದರು. ಡೀಸೆಲ್ ಎಂಜಿನ್ನಿನ ಹಿಟ್ಟಿನ ಗಿರಣಿ ಸುತ್ತಮುತ್ತ ಇದ್ದದ್ದು ನಮ್ಮೂರಿನಲ್ಲಿ ಮಾತ್ರ.

ನಮ್ಮ ಮನೆಯಲ್ಲಿ ಆಗ ಯಾರಿಗೂ ಯುದ್ಧದ ಚಿಂತೆ ಇರಲಿಲ್ಲ. ಚಿಂತೆಯೆಲ್ಲ ನನ್ನ ಸೋದರತ್ತೆಯ ಗೂಡಿನದು. ಅತ್ತೆ ಗಂಡ ಸತ್ತ ಮೇಲೆ ತವರಿಗೆ ಬಂದು ಹತ್ತು ವರ್ಷವಾಗಿತ್ತು. ಅಷ್ಟು ವರ್ಷವೂ ಹುಳು ಸಾಕಿದ್ದು ಅವಳು, ಸೊಪ್ಪು ಹೆಚ್ಚಿದ್ದು ಅವಳು, ಗೂಡು ಮಾರಿದ್ದು ನಮ್ಮಪ್ಪ. ಆ ಸಲ ಅವಳು ಹಟ ಹಿಡಿದಳು. ಬಾವಿ ಮಗ್ಗುಲಿನ ಅರ್ಧ ಎಕರೆ ಹಿಪ್ಪುನೇರಳೆ ತನ್ನ ಸಾಗುವಳಿಗೆ ಬೇಕು ಎಂದಳು. ನಮ್ಮಪ್ಪ ಷರತ್ತು ಹಾಕಿದರು.

"ಒಂದು ಬೆಳೆ ನೀನೇ ಎತ್ತು, ನೀನೇ ಮಾರು. ಚೆನ್ನಾಗಿ ಮಾರಿದ್ರೆ ತೋಟ ನಿಂದು. ಇಲ್ದಿದ್ರೆ ಕಿತ್ತು ರಾಗಿ ಹಾಕ್ತೀನಿ, ಆಮೇಲೆ ಬಾಯಿ ಮಾಡ್ಬಾರ್ದು."

ಬೆಳೆ ಬಂಗಾರದಂತೆ ಬಂದಿತ್ತು. ಆರು ದೊಡ್ಡ ಮಂಕರಿ ತುಂಬ ಗೂಡು. ಗೊತ್ತಿಲ್ಲದವರಿಗೆ ಹೇಳುತ್ತೇನೆ: ಗೂಡು ಬಿಡಿಸಿದ ಮೇಲೆ ನಾಲ್ಕೈದು ದಿನದೊಳಗೆ ಮಾರಬೇಕು. ಇಲ್ಲದಿದ್ದರೆ ಒಳಗಿನ ಹುಳು ಚಿಟ್ಟೆಯಾಗಿ ಗೂಡು ತೂತು ಮಾಡಿಕೊಂಡು ಹೊರಬರುತ್ತದೆ. ತೂತು ಬಿದ್ದ ಗೂಡಿನಿಂದ ನೂಲು ಬಾರದು. ಬಿಸಿಲಿಗೆ ಹಾಕಿ ಒಣಗಿಸೋಣವೆಂದರೆ ಆ ವಾರವೆಲ್ಲ ಮೋಡ.

ಗೂಡು ಬಿಡಿಸಿದ ದಿನವೇ ಬೆಳಿಗ್ಗೆ ಅದು ಬಿತ್ತು.

ನಮ್ಮೂರಿಗೂ ಕೆರೆ ಆಚೆಯ ಊರಿಗೂ ಗಡಿಯಲ್ಲಿ ಒಂದು ಹೊಂಗೆ ಮರವಿದೆ. ಅದಕ್ಕೆ ಒಂದು ಕೆಂಪು ಬಟ್ಟೆಯ ಕೊಡೆ, ಉದ್ದನೆಯ ದಾರ, ದಾರದ ತುದಿಯಲ್ಲಿ ಬಿಳಿಯ ಪೆಟ್ಟಿಗೆ ಸಿಕ್ಕಿಹಾಕಿಕೊಂಡಿತ್ತು. ಮೇಲೆ ಹರಿದ ರಬ್ಬರು ಜೋತಾಡುತ್ತಿತ್ತು. ಅರ್ಧ ಗಂಟೆಯಲ್ಲಿ ಎರಡೂ ಊರು ಖಾಲಿಯಾಗಿ ಮರದ ಸುತ್ತ, ಐವತ್ತು ಮಾರು ದೂರದಲ್ಲಿ, ನಿಂತವು.

"ಬಾಂಬು ಕಣ್ರೋ."

"ಬಾಂಬಿಗೆ ಯಾರಾದ್ರೂ ಕೊಡೆ ಹಿಡೀತಾರೇನೋ? ವೈರ್‌ಲೆಸ್ಸು ಅದು. ನಾವು ಮಾತಾಡಿದ್ದೆಲ್ಲ ಅಲ್ಲಿಗೆ ಕೇಳಿಸ್ತದೆ."

ಆ ಮಾತಿಗೆ ಎಲ್ಲರೂ ಒಮ್ಮೆಲೇ ಬಾಯಿ ಮುಚ್ಚಿದರು. ಒಂದು ನಿಮಿಷ ಬಿಟ್ಟು ಮಾತು ಮತ್ತೆ ಶುರುವಾಯಿತು, ಪಿಸುದನಿಯಲ್ಲಿ. ಕೊಡೆ ಇದೆ ಎಂದ ಮೇಲೆ ಇಳಿದವನೂ ಇರಬೇಕು, ಎಲ್ಲೋ ರಾಗಿ ಹೊಲದಲ್ಲಿ ಅಡಗಿದ್ದಾನೆ ಎಂದರು. ಆಚೆ ಊರಿನ ಪಟೇಲರು ಮೀಸೆ ಒರೆಸಿಕೊಂಡು ನಮ್ಮೂರ ಗೌಡರಿಗೆ ಹೇಳಿದರು: "ಏಮಪ್ಪಾ ಗೌಡಾ, ಮರ ನಿಮ್ಮದಲ್ವಾ? ಹೋದ ವರ್ಷ ಹೊಂಗೆಕಾಯಿ ಉದುರಿಸಿಕೊಂಡೋರು ನೀವೇ."

"ಛೆ ಛೆ, ಬುಡ ನಿಮ್ಮ ಕಡೇನೇ ಇರೋದು. ಹೊಂಗೆಕಾಯಿ ನಮ್ಮ ಹುಡುಗರು ತಿಳೀದೆ ಆರಿಸಿಕೊಂಡವೆ."

ಇಪ್ಪತ್ತು ವರ್ಷದಿಂದ ಮರ ನಮ್ಮದು ನಮ್ಮದು ಎಂದು ಕಚ್ಚಾಡಿದವರು ಆ ದಿನ ನಿಮ್ಮದು ನಿಮ್ಮದು ಎಂದು ಉಪಚಾರ ಮಾಡಿಕೊಂಡರು. ಗಡಿ ವಿವಾದ ಇದ್ದವರು ಇದನ್ನು ಗಮನಿಸಬೇಕು. ಮಧ್ಯದಲ್ಲಿ ಸಿಡಿಯುವಂಥದ್ದು ಬಿದ್ದರೆ ಮನುಷ್ಯ ಎಷ್ಟು ಉದಾರಿಯಾಗುತ್ತಾನೆ!

ಮರುದಿನ ಆಚೆ ಊರಿನವರು ಇಳಿದವನನ್ನು ಹಿಡಿದೇಬಿಟ್ಟರು. ಸೈಕಲ್ ತುಳಿದುಕೊಂಡು ಬರುತ್ತಿದ್ದ, ಪ್ಯಾಂಟು ಹಾಕಿದ್ದ, ಕನ್ನಡವನ್ನು ಯಾರೂ ಕೇಳಿರದ ರೀತಿಯಲ್ಲಿ ಆಡುತ್ತಿದ್ದ. ತಾನು ಹೊಸದಾಗಿ ಬಂದ ಗ್ರಾಮಸೇವಕ, ಊರು ಧಾರವಾಡದ ಕಡೆ ಎಂದು ಎಷ್ಟು ಹೇಳಿದರೂ ನಂಬಲಿಲ್ಲ. ಪಟೇಲರು ಪರೀಕ್ಷೆ ಇಟ್ಟರು. ಒಂದು ರಾಗಿ ಮುದ್ದೆ, ಉಪ್ಪು ಸಾರು ತರಿಸಿ ಮುಂದಿಟ್ಟರು. ನಮ್ಮ ಕಡೆಯವನಾದರೆ ನುಂಗುತ್ತಾನೆ, ಪರದೇಶದವನಾದರೆ ಅಗಿಯುತ್ತಾನೆ. ಆ ಮಹಾರಾಯ ಜೋಳದ ರೊಟ್ಟಿ ತಿಂದು ಬೆಳೆದವನು. ಒಂದು ತುತ್ತು ಬಾಯಿಗಿಟ್ಟು ಚೆನ್ನಾಗಿ ಅಗಿದ.

"ಅಗ್ದ! ಅಗ್ದ ನೋಡ್ರೋ!" ಎಂದು ನಾಲ್ಕು ಜನ ಅವನ ರಟ್ಟೆ ಹಿಡಿದರು.

"ಏನ್ರೀ ಇದು? ಹಲ್ಲು ಯಾತಕ್ಕ ಕೊಟ್ಟಾನ ದೇವ್ರು? ಬಿಡ್ರೀ ಕೈ!" ಎಂದು ಅವನು ಕೊಸರಾಡಿದ. ಇವನನ್ನೇ ಮುಂದಿಟ್ಟುಕೊಂಡರೆ ಸಿಡಿಯಲಾರದು ಎಂಬ ಧೈರ್ಯದಲ್ಲಿ ಮರದ ಬುಡಕ್ಕೆ ದಬ್ಬಿಕೊಂಡು ಬಂದರು. ಅವನು ಪೆಟ್ಟಿಗೆಯ ಮೇಲೆ ಅಂಟಿಸಿದ್ದ ಚೀಟಿ ಓದಿದ. ಓದಿ ಸಿಟ್ಟಿನಲ್ಲಿಯೇ ನಕ್ಕುಬಿಟ್ಟ.

"ಗಾಳಿ, ಮಳಿ ನೋಡೋ ಸರ್ಕಾರಿ ಕಚೇರಿಯವರ ಬಲೂನ್ರೀ ಇದು. ಯಾರಿಗೆ ಸಿಗ್ತದೋ ಅವರು ತಾಲ್ಲೂಕು ಕಚೇರಿಗೆ ಒಪ್ಪಿಸ್ಬೇಕು, ಬಹುಮಾನ ಕೊಡ್ತೀವಿ ಅಂತ ಬರದಾರ."

ಬಹುಮಾನ! ಸರ್ಕಾರದ್ದು, ಅದೂ ಯುದ್ಧದ ಕಾಲದಲ್ಲಿ! ಊರಿನ ಹೆಸರು ಪೇಪರಿನಲ್ಲಿ ಬಂದರೂ ಬರಬಹುದು. ನಮ್ಮ ಗೌಡರು ಗಂಟಲು ಸರಿಮಾಡಿಕೊಂಡರು.

"ಮರ ನಮ್ಮದು ಅಂತ ನಿನ್ನೆ ನೀವೇ ಹೇಳಿದ್ರಿ."

"ಬುಡ ನಮ್ಮ ಕಡೆ ಅಂತ ನೀವೂ ಹೇಳಿದ್ರಲ್ಲ!"

ಮಧ್ಯಾಹ್ನದೊಳಗೆ ಮರದ ಎರಡು ಬದಿಗೆ ಎರಡು ಊರಿನ ಕಾವಲು ಬಿತ್ತು. ಸಂಜೆಗೆ ಪಟೇಲರ ಕಡೆಯವರು ತಮ್ಮ ಕೆರೆ ಏರಿಗೆ ಅಡ್ಡಲಾಗಿ ಮುಳ್ಳು ಎಳೆದರು. ನಮ್ಮೂರ ಗಾಡಿ ಶಿಡ್ಲಘಟ್ಟದ ರಸ್ತೆ ಸೇರಲು ಇದ್ದದ್ದು ಆ ಏರಿಯೊಂದೇ. ನಮ್ಮ ಗೌಡರು ಸುಮ್ಮನಿರುತ್ತಾರೆಯೇ? ಅವರ ರಾಗಿಯನ್ನು ನಮ್ಮ ಗಿರಣಿಯಲ್ಲಿ ಬೀಸಕೂಡದೆಂದು ಹುಕುಂ ಮಾಡಿದರು. ಆ ಊರಿನ ಹೆಂಗಸರು ಅಟ್ಟದ ಮೂಲೆಯಲ್ಲಿದ್ದ ಬೀಸುವ ಕಲ್ಲು ಇಳಿಸಿಕೊಂಡರು. ಕಲ್ಲಿನ ಸದ್ದಿಗಿಂತ ಬೈಗುಳದ ಸದ್ದೇ ನಮ್ಮೂರಿಗೆ ಜಾಸ್ತಿ ಕೇಳಿಸುತ್ತಿತ್ತು.

ನಡುವೆ ಸಿಕ್ಕಿಕೊಂಡದ್ದು ಅತ್ತೆಯ ಆರು ಮಂಕರಿ. ತಲೆ ಮೇಲೆ ಹೊತ್ತು ಬೆಟ್ಟದ ಕಾಲುದಾರಿಯಲ್ಲಿ ಹೋಗೋಣವೆಂದರೆ ಮುಳ್ಳು, ಬಂಡೆ, ಇಕ್ಕಟ್ಟು. ಗೂಡು ನುಗ್ಗಾಗಿ ಹೋಗುತ್ತಿತ್ತು. ಮೂರನೇ ದಿನ ಅತ್ತೆ ಒಂದು ಗೂಡು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ ನೋಡಿದಳು.

"ನಾಳೆ ಬಿಟ್ರೆ ನಾಳಿದ್ದು ಇಲ್ಲ ಕಣೋ. ಅಲ್ಲಿ ಯುದ್ಧ ಮಾಡೋರಿಗೆ ದೇಶ ಐತೆ, ಇಲ್ಲಿ ಜಗಳ ಆಡೋರಿಗೆ ಬಲೂನ್ ಐತೆ. ನನಗೇನೈತೆ? ಅರ್ಧ ಎಕರೆ. ನೀನು ದೊಡ್ಡ ದಲ್ಲಾಳಿ ಅಂತ ಮೀಸೆ ತಿರುವ್ತೀಯಲ್ಲ, ಏನಾದ್ರೂ ಮಾಡು."

ನನಗೆ ಇಪ್ಪತ್ತೆರಡು ವರ್ಷ, ಮೀಸೆ ತಿರುವುವಷ್ಟು ಬೆಳೆದಿರಲೂ ಇಲ್ಲ. ಬೆಟ್ಟದ ದಾರಿಯಲ್ಲಿ ಶಿಡ್ಲಘಟ್ಟಕ್ಕೆ ನಡೆದೆ. ಸಾಹೇಬರು ಒಲೆಯ ಮುಂದೆ ಗೂಡಿಲ್ಲದೆ ಕೂತಿದ್ದರು. ವಿಷಯ ಕೇಳಿ ನಕ್ಕರು, ಆದರೆ ಬಂದು ರಾಜಿ ಮಾಡಿಸಿ ಎಂದಾಗ ಆಗದೆಂದು ತಲೆ ಆಡಿಸಿದರು.

"ನೋಡು ಬೇಟಾ, ಬೇರೆ ಟೈಮಲ್ಲಾಗಿದ್ರೆ ಬರ್ತಿದ್ದೆ. ಈಗ ರೇಡಿಯೋದಲ್ಲಿ ಏನು ನಡೀತಿದೆ ನೋಡು. ಆಕಾಶದಿಂದ ಸಾಮಾನು ಬಿದ್ದಿರೋ ಕಡೆ ನಾನು ಹೋಗಿ ನಿಂತ್ರೆ, ಇವನೇ ತರಿಸಿದ್ದು ಅಂತ ಯಾರೋ ಒಬ್ಬ ಅಂತಾನೆ. ಒಬ್ಬ ಅಂದ್ರೆ ಸಾಕಲ್ಲ."

ಅವರು ಹೇಳಿದ್ದು ಸುಳ್ಳಾಗಿರಲಿಲ್ಲ. ಆದರೂ ನನಗೆ ವ್ಯಾಪಾರದ ಮಾತೇ ಬಾಯಿಗೆ ಬಂತು. "ಆರು ಮಂಕರಿ ಸಾಹೇಬ್ರೇ. ಒಂದೂ ಜೊಳ್ಳು ಇಲ್ಲ. ನಾಳಿದ್ದಿಗೆಲ್ಲ ಚಿಟ್ಟೆ."

ಅವರು ಖಾಲಿ ಒಲೆ ನೋಡಿ, ಗೂಟದಲ್ಲಿದ್ದ ಟವೆಲ್ ತೆಗೆದುಕೊಂಡರು. ಇನ್ನೊಂದನ್ನೂ ತೆಗೆದುಕೊಂಡರು. ಬೆಳಿಗ್ಗೆ ಬರುತ್ತೇನೆ ಎಂದರು.

ನಾಲ್ಕನೇ ದಿನ ಬೆಳಿಗ್ಗೆ ಕೆರೆ ಏರಿಯ ಮುಳ್ಳಿನ ಹತ್ತಿರ ಅವರು ಸೈಕಲ್ ಇಳಿದಾಗ, ಅವರು ಹೇಳಿದಂತೆಯೇ ಒಬ್ಬ ಅಂದ: "ಬಂದ್ರು ನೋಡ್ರಪ್ಪ, ವಾರಸುದಾರ್ರು."

ಕೂಡಲೇ ಪಟೇಲರು ತಿರುಗಿದರು. "ಮುಚ್ಚೋ ಬಾಯಿ! ನಮ್ಮಪ್ಪನ ಕಾಲದಿಂದ ಈ ಕೈಗೆ ಗೂಡು ಕೊಟ್ಟಿದ್ದೀವಿ. ನಿನ್ನ ಕೈಗೆ ಒಂದು ಕೋಳಿಮೊಟ್ಟೆ ಕೊಡಕ್ಕೂ ಭಯ ನಮಗೆ." ಎಲ್ಲರೂ ನಕ್ಕರು. ಸಾಹೇಬರು ನಗಲಿಲ್ಲ, ಟವೆಲ್ ಕೊಡವಿ ಏರಿಯ ಮೇಲೆ ನಡುವೆ ಕೂತರು.

ನಾನು ಅಲ್ಲಿಯತನಕ ಕಂಡಿರದ ಸೊಗಸು ಅದು. ಬಲಗೈ ನಮ್ಮ ಗೌಡರಿಗೆ, ಎಡಗೈ ಪಟೇಲರಿಗೆ. ಎರಡರ ಮೇಲೂ ಒಂದೊಂದು ಟವೆಲ್. ಬಲೂನಿನ ಮೇಲಿನ ಹಕ್ಕು ಒಟ್ಟು ಹದಿನಾರಾಣೆ ಅಂತ ಇಟ್ಟುಕೊಂಡರೆ ಯಾರಿಗೆ ಎಷ್ಟಾಣೆ ಪಾಲು ಎಂಬುದು ಬೆರಳಿನ ಮಾತು. ನಯಾಪೈಸೆ ಬಂದು ಎಷ್ಟೋ ವರ್ಷವಾಗಿತ್ತು, ಆದರೂ ಪಾಲಿನ ವಿಚಾರ ಬಂದರೆ ನಮ್ಮವರಿಗೆ ಆಣೆಯೇ ಆಗಬೇಕು.

"ಪೂರ್ತಿ ಹದಿನಾರು! ಒಂದಾಣೆ ಕಡಿಮೆ ಇಲ್ಲ!" ನಮ್ಮ ಗೌಡರ ಕೂಗಿಗೆ ಕೆರೆಯ ಕೊಕ್ಕರೆ ಎದ್ದವು.

"ನಮ್ಮ ಹೆಣದ ಮೇಲೆ ಗಾಡಿ ಹೊಡೀರಿ, ಹದಿನಾರೂ ನಮ್ದೇ!" ಇದು ಪಟೇಲರು.

ಕೂಗಿದಷ್ಟೂ ಟವೆಲ್ಲುಗಳು ಮೆತ್ತಗೆ ಅಲುಗುತ್ತಿದ್ದವು. ಹಿಂದೆ ನಿಂತ ಎರಡೂ ಊರಿನವರು ತಮ್ಮ ತಮ್ಮ ಯಜಮಾನರ ಧೈರ್ಯಕ್ಕೆ ಭಲೇ ಎನ್ನುತ್ತಿದ್ದರು. ಬೀಸುವ ಕಲ್ಲಿನಿಂದ ಕೈ ಬೊಬ್ಬೆ ಬಂದಿದ್ದ ಪಟೇಲರ ಹೆಂಡತಿ ಮಾತ್ರ, "ಬೇಗ ಮುಗಿಸ್ರಿ, ಮಧ್ಯಾಹ್ನಕ್ಕೆ ಹಿಟ್ಟಿಲ್ಲ" ಎಂದು ಗಂಡನ ಬೆನ್ನಿಗೆ ಕೇಳಿಸುವಂತೆ ಹೇಳುತ್ತಿದ್ದಳು. ಇದನ್ನೂ ಗಮನಿಸಬೇಕು. ಗಿರಣಿ ನಿಲ್ಲಿಸಿದ್ದು ಪಟೇಲರನ್ನು ಬಗ್ಗಿಸಲೆಂದು, ಬೊಬ್ಬೆ ಬಂದದ್ದು ಅವರ ಹೆಂಡತಿಯ ಕೈಗೆ. ಏರಿ ಮುಚ್ಚಿದ್ದು ಗೌಡರಿಗೆಂದು, ಕುತ್ತು ಬಂದದ್ದು ನಮ್ಮತ್ತೆಯ ಗೂಡಿಗೆ.

ಅರ್ಧ ಗಂಟೆಯಾಗಿರಬೇಕು. ನಮ್ಮ ಗೌಡರು "ಸಾಹೇಬ್ರ ಮುಖ ನೋಡಿ ಒಪ್ಕೊಂಡಿದ್ದೀನಿ" ಎಂದು ಎದ್ದರು. ಪಟೇಲರೂ "ಸಾಹೇಬ್ರ ಮುಖ ನೋಡಿ" ಎಂದೇ ಎದ್ದರು. ಎಷ್ಟಾಣೆ ಎಂದು ಯಾರೂ ಕೇಳಲಿಲ್ಲ, ಕೇಳುವ ಹಾಗಿರಲಿಲ್ಲ. ಬಾಯಿ ಮಾತಿನಲ್ಲಿ ಆದ ಒಪ್ಪಂದ ಇಷ್ಟು: ಏರಿ, ಗಿರಣಿ ಎರಡೂ ಈಗಲೇ ತೆರೆಯಬೇಕು. ಪೆಟ್ಟಿಗೆ ಒಂದೇ ಗಾಡಿಯಲ್ಲಿ ಹೋಗಬೇಕು, ಗಾಡಿಗೆ ಆ ಊರಿನ ಎತ್ತೊಂದು, ಈ ಊರಿನ ಎತ್ತೊಂದು. ಒಪ್ಪಂದಗಳು ಹೀಗೇ ಇರುತ್ತವೆ. ನಮ್ಮ ಎತ್ತು ಆನೆಯಂತೆ ಎತ್ತರ, ಅವರದು ಕುಳ್ಳ. ಗಾಡಿ ಒಂದು ಪಕ್ಕಕ್ಕೆ ವಾಲಿಕೊಂಡೇ ಹೊರಟಿತು. ಗೌಡರು, ಪಟೇಲರು ಮುಂದೆ, ಪೆಟ್ಟಿಗೆ ನಡುವೆ, ಅತ್ತೆಯ ಆರು ಮಂಕರಿ ಹಿಂದೆ. ಅತ್ತೆ ಗಾಡಿ ಹತ್ತಲಿಲ್ಲ. ಮಂಕರಿಗೊಂದು ಕೈ ಆನಿಸಿಕೊಂಡು ಎರಡು ಹರದಾರಿ ನಡೆದಳು.

ಶಿಡ್ಲಘಟ್ಟದಲ್ಲಿ ನಮ್ಮನ್ನು ಮಾರುಕಟ್ಟೆಯ ಮುಂದೆ ಇಳಿಸಿ ಗಾಡಿ ತಾಲ್ಲೂಕು ಕಚೇರಿಗೆ ಹೋಯಿತು. ಅದು ಇದ್ದದ್ದು ಕೂಗಳತೆಯಲ್ಲೇ. ಮಂಕರಿ ಬಿಚ್ಚಿದರೆ ಮೇಲುಗಡೆ ನಾಲ್ಕೈದು ಚಿಟ್ಟೆ ರೆಕ್ಕೆ ಒದರುತ್ತಿದ್ದವು. ಅತ್ತೆಯ ಮುಖ ಬಾಡಿತು. ಸಾಹೇಬರು ಬೆಳಿಗ್ಗೆಯ ಶಾಂತಿದೂತನ ವೇಷ ಕಳಚಿಟ್ಟು ಖರೀದಿದಾರರಾಗಿಬಿಟ್ಟಿದ್ದರು. ನನ್ನ ಕೈಮೇಲೆ ಟವೆಲ್ ಹಾಕಿ ಎಷ್ಟು ಕಡಿಮೆ ಬೆರಳು ಹಿಡಿದರೆಂದರೆ, ನನಗೆ ನಾಚಿಕೆಯಾಯಿತು.

ಹೆಂಗಸರು ಟವೆಲ್ ಕೆಳಗೆ ಕೈ ಕೊಡುವ ಪದ್ಧತಿ ಇರಲಿಲ್ಲ. ಆದ್ದರಿಂದ ನಾನು ಸಾಹೇಬರು ಮಾಡಿದಂತೆಯೇ ಮಾಡಿದೆ. ಬಲಗೈ ಅವರಿಗೆ, ಎಡಗೈ ಅತ್ತೆಯ ಸೆರಗಿನ ಕೆಳಗೆ. ಅವರು ಹಿಡಿದಷ್ಟನ್ನೇ ಅತ್ತೆಯ ಬೆರಳಿಗೆ ದಾಟಿಸಿದೆ. ಅತ್ತೆ ನನ್ನ ಬೆರಳನ್ನು ಮುರಿಯುವ ಹಾಗೆ ತಿರುಚಿದಳು. ಆಮೇಲೆ ಸಾಹೇಬರ ಕಡೆ ನೋಡದೆ, ಚಿಟ್ಟೆಯನ್ನು ನೋಡುತ್ತ, ಹೇಳಿದಳು:

"ಸಾಹೇಬ್ರೇ, ನಂಗೊಂದು ಅನುಮಾನ. ನಮ್ಮ ಗೌಡ್ರು ದಾರಿ ಪೂರ್ತಿ ನಗ್ತಾ ಬಂದ್ರು. ಪಟೇಲ್ರೂ ನಗ್ತಾ ಬಂದ್ರು. ಒಂದೇ ಜಗಳದಿಂದ ಇಬ್ಬರು ಗಂಡಸರು ಗೆದ್ದು ಎದ್ದಿದ್ದು ನಾನು ಕಂಡಿಲ್ಲ. ಹದಿನಾರಾಣೇಲಿ ಇಬ್ಬರಿಗೂ ಅರ್ಧಕ್ಕಿಂತ ಜಾಸ್ತಿ ಹೆಂಗೆ ಬಂತು?"

ಸಾಹೇಬರು ಟವೆಲ್ಲಿನ ಅಂಚು ಸರಿಮಾಡಿಕೊಂಡರು.

"ಒಂಬತ್ತೊಂಬತ್ತು ಕೊಟ್ರಾ?"

ಅವರು ಸುತ್ತ ನೋಡಿ, ಗಡ್ಡದೊಳಗೇ ಹೇಳಿದರು: "ತಾಯಿ, ಎಂಟೆಂಟು ಅಂದ್ರೆ ಇಬ್ಬರೂ ಏಳ್ತಿರಲಿಲ್ಲ. ಸರ್ಕಾರದ ಬಹುಮಾನ ಬರೋವಷ್ಟರಲ್ಲಿ ಇಬ್ಬರ ಸಿಟ್ಟೂ ಆರಿರ್ತದೆ. ಆವಾಗ ನೋಡ್ಕೊಳ್ಳೋಣ."

ಹದಿನಾರಾಣೆಯ ಬಲೂನು ಹದಿನೆಂಟಾಣೆಗೆ ಪಾಲಾಗಿತ್ತು! ಪಕ್ಕದಲ್ಲೇ ನಿಂತಿದ್ದ ದೊಡ್ಡ ದಲ್ಲಾಳಿಗೆ ಅದು ಹೊಳೆದಿರಲಿಲ್ಲ.

"ಒಳ್ಳೇದು ಮಾಡಿದ್ರಿ" ಎಂದಳು ಅತ್ತೆ. "ನಾನ್ಯಾಕೆ ಯಾರಿಗಾದ್ರೂ ಹೇಳ್ಲಿ. ಗೌಡ್ರು ಇಲ್ಲೇ ಕಚೇರೀಲವ್ರೆ, ಆದ್ರೂ ಹೇಳಲ್ಲ."

ಟವೆಲ್ ಕೆಳಗೆ ಒಂದು ಬೆರಳು ಹೆಚ್ಚಾಯಿತು.

"ಪಟೇಲ್ರೂ ಅವ್ರೆ."

ಇನ್ನೊಂದು ಹೆಚ್ಚಾಯಿತು. ನಾನು ಎಡಗೈಗೆ ದಾಟಿಸಿದೆ. ಅತ್ತೆ ಈ ಸಲ ತಿರುಚಲಿಲ್ಲ, ತಟ್ಟಿದಳು. ಸಾಹೇಬರು ಟವೆಲ್ ಹೆಗಲಿಗೆ ಹಾಕಿಕೊಂಡು ಜೋರಾಗಿ ನಕ್ಕರು. "ಈ ಹೆಂಗಸನ್ನ ದೆಹಲಿಗೆ ಕಳಿಸು ಬೇಟಾ, ಯುದ್ಧ ನಾಳೆ ನಿಲ್ತದೆ."

ಬಹುಮಾನವೆಂದು ಮೂರು ತಿಂಗಳ ಮೇಲೆ ಬಂದದ್ದು ಇಂಗ್ಲಿಷಿನಲ್ಲಿ ಬರೆದ ಒಂದು ವಂದನೆಯ ಕಾಗದ. ಕಾಗದವನ್ನು ಆಣೆ ಲೆಕ್ಕದಲ್ಲಿ ಹರಿಯಲು ಬರುವುದಿಲ್ಲ. ಆರು ತಿಂಗಳು ನಮ್ಮೂರ ಭಜನೆ ಮನೆಯಲ್ಲಿ, ಆರು ತಿಂಗಳು ಅವರೂರ ಶಾಲೆಯಲ್ಲಿ ನೇತುಹಾಕಿದರು. ಗೌಡರು, ಪಟೇಲರು ಇಬ್ಬರೂ ಕೊನೆಯವರೆಗೆ ತಾನೇ ಗೆದ್ದೆನೆಂದು ನಂಬಿ, ಸೋತವನ ಮೇಲೆ ಕರುಣೆಯಿಂದ ಸ್ನೇಹವಾಗಿದ್ದರು. ಈಗ ಇಬ್ಬರೂ ಇಲ್ಲ, ಆದ್ದರಿಂದ ಬರೆಯುತ್ತಿದ್ದೇನೆ. ಶಾಂತಿ ಅಂದರೆ ಇಬ್ಬರಿಗೂ ಸರಿಸಮ ಪಾಲು ಎಂದು ಓದಿದವರು ಹೇಳುತ್ತಾರೆ. ನಾನು ಕಂಡ ಶಾಂತಿಗೆ ಎರಡಾಣೆ ಹೆಚ್ಚು ಬೇಕಾಗಿತ್ತು. ಆ ಎರಡಾಣೆ ತರುವ ಸಾಹೇಬರು ಎಲ್ಲ ಕಾಲಕ್ಕೂ ಸಿಗುವುದಿಲ್ಲ. ಸಿಕ್ಕರೂ ಏರಿಯ ಮೇಲೆ ಕೂರಲು ಅವರು ಎರಡು ಸಲ ಯೋಚಿಸುವ ಹಾಗೆ ನಾವು ಮಾಡಿಟ್ಟಿರುತ್ತೇವೆ.

ಆ ದಿನ ಸಂಜೆ ನಾವು ಮನೆಗೆ ಬಂದಾಗ ನಮ್ಮಪ್ಪ ಜಗುಲಿಯ ಮೇಲೆ ಕೂತಿದ್ದರು. ಪಕ್ಕದಲ್ಲಿ ಗುದ್ದಲಿ ಇತ್ತು, ಹಿಪ್ಪುನೇರಳೆ ಕೀಳುವ ತಯಾರಿ. ಅತ್ತೆ ಖಾಲಿ ಮಂಕರಿಗಳನ್ನು ಒಂದರ ಮೇಲೊಂದು ಜೋಡಿಸಿ, ಬಂದ ದರ ಹೇಳಿದಳು. ಅಪ್ಪ ನನ್ನ ಮುಖ ನೋಡಿದರು. ನಾನು ಹೌದೆಂದೆ. ಅವರಿಗೆ ಆ ದರ ಒಮ್ಮೆಯೂ ಬಂದಿರಲಿಲ್ಲ.

"ಸರಿ" ಎಂದರು. "ತೋಟ ನಿಂದೇ ಇಟ್ಕೊ."

"ಬರೀ ತೋಟ ಇಟ್ಕೊಂಡು ಏನ್ ಮಾಡ್ಲಿ ಅಣ್ಣಯ್ಯ? ನಾಕು ಗಾಡಿ ಗೊಬ್ಬರ ಬೇಕು."

"ನಾಕಾ! ಒಂದು ಕೊಡ್ತೀನಿ."

"ಮೂರು."

"ಒಂದೂವರೆ, ಮುಗೀತು."

"ಮುಗೀತು ಅಂದೋರು ಅರ್ಧ ಯಾಕೆ ಸೇರಿಸಿದ್ರಿ?" ಎಂದು ಅತ್ತೆ ಜಗುಲಿ ಹತ್ತಿ, ಗುದ್ದಲಿಯನ್ನು ಅತ್ತ ಸರಿಸಿ, ಅಣ್ಣನ ಎದುರು ಚಕ್ಕಳಮಕ್ಕಳ ಹಾಕಿ ಕೂತಳು.